ಕಾಕಾನ ಸಿನಿಮಾದಲ್ಲಿ ಬೀಸುಕಲ್ಲು

ನಮ್ಮ ಕಾಕಾ, ಅಂದರೆ ಅಪ್ಪನ ತಮ್ಮ, ಮುಂಬಯಿಯ ಸ್ಟುಡಿಯೋ ಒಂದರಲ್ಲಿ ಎರಡು ವರ್ಷ ದುಡಿದು, ಒಂದು ಹಳೆಯ ಕ್ಯಾಮೆರಾ, ಚಿತ್ರ ತೋರಿಸುವ ಒಂದು ಯಂತ್ರ ಮತ್ತು ಬೇಕಾದಷ್ಟು ದಿಮಾಕು ಹೊತ್ತು ಹುಬ್ಬಳ್ಳಿಗೆ ಮರಳಿದ. ಸಿನಿಮಾ ತೆಗೆಯುತ್ತಾನೆಂದು ಮನೆಯ ಹೆಂಗಸರೆಲ್ಲ ಇಳಕಲ್ ಸೀರೆ ಉಟ್ಟು ಸಾಲಾಗಿ ನಿಂತರೆ, ಆ ಮಹಾಶಯ ನಮ್ಮನ್ನು ಪಕ್ಕಕ್ಕೆ ಸರಿಸಿ ಕಸಬರಿಗೆಯ ಮುಂದೆ ಬೋರಲು ಮಲಗಿದ. ಆಮೇಲೆ ತಂಬಿಗೆ, ಅದಾದ ಮೇಲೆ ಬೀಸುಕಲ್ಲು. ಬೀಸುವುದಕ್ಕೆ ಮಾತ್ರ ನಾನು ಬೇಕಾದೆ.

"ಮುಖಾ ಆ ಕಡೆ ತಿರುಗ್ಸು. ನಡುವ ಬರಬ್ಯಾಡ" ಎಂದ.

ಆ ವರ್ಷ ನನ್ನ ಮ್ಯಾಟ್ರಿಕ್. ಅಷ್ಟರಲ್ಲಿ ಧಾರವಾಡದ ಒಂದು ಮನೆತನದವರು ಹೆಣ್ಣು ನೋಡಲು ಬರುತ್ತೇವೆಂದು ಹೇಳಿ ಕಳಿಸಿದರು. ಸಂಬಂಧ ಕೂಡಿದರೆ ಪರೀಕ್ಷೆ ಇಲ್ಲ ಎಂದು ಅಪ್ಪ ಮೊದಲೇ ಹೇಳಿಬಿಟ್ಟಿದ್ದ. ನನಗೆ ಪರೀಕ್ಷೆಗೆ ಕೂಡುವ ಆಸೆ ಬಹಳ ಇತ್ತು. ನನ್ನನ್ನು ಯಾರೂ ಕೇಳಲಿಲ್ಲ.

ಬೀಗರಾಗುವವರು ಬಂದರು, ಉಪ್ಪಿಟ್ಟು ತಿಂದರು. ಮನೆಗೆ ಹೊಸದಾಗಿ ಬಂದ ಕರೆಂಟು, ತಮ್ಮನ ಸಿನಿಮಾ ಎರಡನ್ನೂ ಒಟ್ಟಿಗೆ ಮೆರೆಸಲು ಅಪ್ಪ ಕಿಟಕಿಗಳಿಗೆ ಕಂಬಳಿ ಹಾಕಿಸಿ, ಗೋಡೆಗೆ ಧೋತರ ಕಟ್ಟಿಸಿದ. ಆ ಸಿನಿಮಾದಲ್ಲಿ ಏನಿದೆ ಎಂದು ಅವನಿಗೆ ಗೊತ್ತಿರಲಿಲ್ಲ. ನನಗೆ ಗೊತ್ತಿತ್ತು, ಸುಮ್ಮನಿದ್ದೆ.

ಮೊದಲಿಗೇ ಗೋಡೆ ತುಂಬ ಕಸಬರಿಗೆ. ಶುಭಕಾರ್ಯಕ್ಕೆ ಬಂದವರಿಗೆ ಇದಕ್ಕಿಂತ ಒಳ್ಳೆಯ ಸ್ವಾಗತ ಉಂಟೇ? ವರನ ತಂದೆ ಕೆಮ್ಮಿದರು. ಅವ್ವ ಬಾಯಿಗೆ ಸೆರಗು ಒತ್ತಿಕೊಂಡಳು. ನಾನು ಮನಸ್ಸಿನಲ್ಲೇ ಬೀಜಗಣಿತದ ಪುಸ್ತಕ ತೆರೆದೆ.

ಆಮೇಲೆ ಬೀಸುಕಲ್ಲು ಬಂತು. ನಿಜ ಹೇಳುತ್ತೇನೆ, ಕಾಕಾನನ್ನು ಅಣಕಿಸುವ ಮನಸ್ಸು ಅಲ್ಲಿಗೆ ನಿಂತಿತು. ದಿನವೂ ಶಪಿಸುತ್ತ ತಿರುಗಿಸಿದ ಕಲ್ಲು ಗೋಡೆಯಷ್ಟು ದೊಡ್ಡದಾಗಿ, ಒಂದಿಷ್ಟೂ ಸದ್ದಿಲ್ಲದೆ ತಿರುಗುತ್ತಿತ್ತು. ಹಿಟ್ಟು ಮೆಲ್ಲಗೆ ಉದುರಿ ಗುಡ್ಡವಾಗುತ್ತಿತ್ತು. ಗೂಟ ಹಿಡಿದ ಕೈಯನ್ನು ಯಾರದೋ ಕೈ ಎಂಬಂತೆ ನೋಡಿದೆ. ಅದು ನನ್ನದೆಂದು ನೆನಪಾಗಿ ಹೆಮ್ಮೆಯಾಯಿತು.

ಕಂಬಳಿ ಸರಿಸಿದಾಗ ವರನ ತಾಯಿ ಕೇಳಿದರು, "ಬೀಸಾಕತ್ತಿದ್ದು ಹುಡುಗೀನ ಏನ್ರಿ?"

"ಹೌದ್ರಿ," ಎಂದ ಕಾಕಾ, ಮೆಚ್ಚುವವರೊಬ್ಬರು ಸಿಕ್ಕ ಸಂತೋಷದಲ್ಲಿ. "ಮುಖಾ ಬ್ಯಾಡಂತ ನಾನ ಬಿಟ್ಟೇನ್ರಿ. ಕೈಯಾಗ ಎಲ್ಲಾ ಐತಿ."

ಆಕೆ ನನ್ನ ಕಡೆ ತಿರುಗಲೂ ಇಲ್ಲ. "ಒಂದ ಸಮ ಬೀಸ್ಯಾಳ, ಎಲ್ಲೂ ನಿಂತಿಲ್ಲ. ನಮಗೂ ಮತ್ತೇನ ನೋಡೂದೈತಿ? ಮುಂದಿನ ತಿಂಗಳ ಮುಹೂರ್ತ ತಗಸ್ರಿ" ಎಂದರು.

ಕಾಕಾನ ಸಿನಿಮಾವನ್ನು ಪೂರ್ತಿ ಅರ್ಥ ಮಾಡಿಕೊಂಡವರು ಆಕೆಯೊಬ್ಬರೇ. ಪರೀಕ್ಷೆಗೆ ಇನ್ನೂ ಮೂರು ತಿಂಗಳಿತ್ತು.