ಕೆಂಪು ಕೋಟಿಗೆ ಹಾಕಿದ ನೀಲಿ

ಹಳೇ ಕೋಟು ಕೊಳ್ಳುವುದಾದರೆ ಒಂದು ಮಾತು ಕೇಳಿ: ಮೊದಲು ತೋಳು ತಿರುವಿ ಒಳಗಿನ ಹೊಲಿಗೆ ನೋಡಿ. ಟೋಟೆಮ್ ಲೇಕ್ ಅನ್ನೋ ಈ ಬಡಾವಣೆಯ ನನ್ನ ಹಳೇ ಬಟ್ಟೆ ಅಂಗಡಿಗೆ ಬಂದವರಿಗೆಲ್ಲ ಇದನ್ನು ಕಲಿಸಿ ಕೆಟ್ಟೆ. ಇವತ್ತು ಬೆಳಗ್ಗೆ ಒಬ್ಬ, ಗೋಡೆಗೆ ತೂಗುಹಾಕಿದ್ದ ಬ್ಯಾಂಡಿನ ನೀಲಿ ಕೋಟನ್ನು ತಿರುವಿ, "ಹೊಲಿಗೆಯೊಳಗೆ ಕೆಂಪಿದೆ. ಮೇಲೆ ಬಣ್ಣ ಹಾಕಿದ್ದೀರಿ. ಕಮ್ಮಿ ಮಾಡಿ" ಅಂದ. ನುಸಿಗುಳಿಗೆಯ ವಾಸನೆ ಗಪ್ಪೆಂದು ಮೂಗಿಗೆ ಬಡಿಯಿತು. ಮಾರೋದಿಲ್ಲ ಅಂದೆ. ಅವನು ಹೋದ, ನನಗೆ ಕೂತಲ್ಲಿ ಕೂರಲಾಗಲಿಲ್ಲ. ಹ್ಯಾಂಗರುಗಳನ್ನು ಆ ಕಡೆಯಿಂದ ಈ ಕಡೆಗೆ ಸರಿಸಿದೆ, ಮತ್ತೆ ವಾಪಸ್ ಸರಿಸಿದೆ.

ಇದೇ ಕೋಟು ಹಿಡಿದು ಅದೇ ಮಾತನ್ನು ವರ್ಷಗಳ ಹಿಂದೆ ನಾನೇ ಆಡಿದ್ದೆ, ಲೊರೆಟ್ಟಾ ಅನ್ನೋ ವಯಸ್ಸಾದ ಹೆಂಗಸು ಮನೆಯ ಹಳೇ ಸಾಮಾನನ್ನೆಲ್ಲ ಮುಂದೆ ಹರಡಿ ಮಾರುತ್ತಿದ್ದ ಗ್ಯಾರೇಜ್ ಸೇಲಿನಲ್ಲಿ. ಆಕೆ ನಕ್ಕುಬಿಟ್ಟರು. "ಬೇಬಿ, ಅದು ಮಾರೋಕಲ್ಲ, ಬಿಸಿಲಿಗೆ ಹಾಕಿರೋದು." ಅರ್ಧ ತಲೆ ಬೋಳಾದ ನನ್ನನ್ನು ಬೇಬಿ ಅಂದವರು ಅವರೊಬ್ಬರೇ.

ಅವರು ಓದಿದ್ದು ಈ ದೇಶದ ದಕ್ಷಿಣದ ಒಂದು ಊರಿನಲ್ಲಿ, ಕಪ್ಪು ಜನರ ಮಕ್ಕಳಿಗೇ ಅಂತ ಬೇರೆ ಇಟ್ಟಿದ್ದ ಹೈಸ್ಕೂಲಿನಲ್ಲಿ. ಬಿಳಿಯರ ಶಾಲೆ ಹೊಸ ಸಮವಸ್ತ್ರ ಹೊಲಿಸಿದಾಗ, ಅವರು ಬಿಟ್ಟ ಕೆಂಪು ಕೋಟುಗಳು ಇವರ ಬ್ಯಾಂಡಿಗೆ ಬಂದವಂತೆ. ತಾಯಂದಿರು ಶಾಲೆಯ ಹಿಂದೆ ಹಂಡೆ ಇಟ್ಟು, ನೀಲಿ ಬಣ್ಣ ಕುದಿಸಿ, ಒಂದೊಂದನ್ನೂ ಅದ್ದಿ ತೆಗೆದರಂತೆ. "ಬೆವತರೆ ಬಣ್ಣ ಕತ್ತಿಗೆ ಇಳಿಯೋದು. ಕತ್ತು ನೀಲಿಯಾಗಿದ್ರೆ ಅವತ್ತು ಚೆನ್ನಾಗಿ ನುಡಿಸಿದ್ದೀವಿ ಅಂತ ಅರ್ಥ." ಆಮೇಲೆ ಕಪ್ಪು ಬಿಳಿ ಅನ್ನದೆ ಎಲ್ಲ ಮಕ್ಕಳೂ ಒಂದೇ ಶಾಲೆಗೆ ಅಂತ ಕಾನೂನಾಯಿತು, ಬೀಗ ಬಿದ್ದದ್ದು ಮಾತ್ರ ಇವರ ಶಾಲೆಗೆ. ಡೋಲು, ಟ್ರೋಫಿ ಎಲ್ಲ ಕಸಕ್ಕೆ. ಲೊರೆಟ್ಟಾ ಮೈಮೇಲಿದ್ದ ಈ ಕೋಟು ಉಳಿಯಿತು.

ಕೆಲಸ ಹುಡುಕಿಕೊಂಡು ಈ ಕಡೆ ಬಂದ ಆ ಶಾಲೆಯವರು ಪ್ರತಿ ಬೇಸಿಗೆ ಯಾರದಾದರೂ ಹಿತ್ತಲಲ್ಲಿ ಸೇರುತ್ತಾರೆ. ಒಬ್ಬರು ಕೋಟು ತೊಟ್ಟು ಮುಂದೆ ನಡೆಯಬೇಕು, ಉಳಿದವರು ಶಾಲೆಯ ಹಾಡು ಹೇಳುತ್ತ ಹಿಂದೆ. ಮನೆ ಬಿಟ್ಟು ಮಗಳ ಸಣ್ಣ ಅಪಾರ್ಟ್‌ಮೆಂಟಿಗೆ ಹೋಗುವಾಗ ಲೊರೆಟ್ಟಾ ಕೋಟನ್ನು ನನ್ನ ಕೈಗಿಟ್ಟರು. "ನೀನು ವ್ಯಾಪಾರಿ, ಬಟ್ಟೆ ಕಾಪಾಡೋದು ಗೊತ್ತು. ಪ್ರತಿ ಬೇಸಿಗೆಗೆ ತಂದುಕೊಡು."

ಹೋದ ವಾರ ಫೋನ್ ಮಾಡಿದ್ದರು. ಈಗ ಉಳಿದಿರೋದು ಮೂವರೇ, ಹಿತ್ತಲಿರುವ ಮನೆ ಯಾರಿಗೂ ಇಲ್ಲ, ಮೆರವಣಿಗೆ ನಿಲ್ಲಿಸಿಬಿಡ್ತೀವಿ ಅಂತ. ನಾನು "ಸರಿ" ಅಂದಿದ್ದೆ. ಆ "ಸರಿ" ಅಂದಿನಿಂದ ಚಪ್ಪಲಿಯೊಳಗಿನ ಕಲ್ಲಿನ ಹಾಗೆ ಒತ್ತುತ್ತಿತ್ತು.

ಫೋನ್ ತೆಗೆದು ಲೊರೆಟ್ಟಾಗೆ ಮಾಡಿದೆ. "ನನ್ನ ಅಂಗಡಿ ಹಿಂದೆ ಪಾರ್ಕಿಂಗ್ ಜಾಗ ಇದೆ. ಭಾನುವಾರ ಖಾಲಿ."

"ಒಬ್ಬರು ಕೋಟು ಹಾಕಿದ್ರೆ ಹಿಂದೆ ಇಬ್ಬರು. ಅದೂ ಒಂದು ಮೆರವಣಿಗೆನಾ, ಬೇಬಿ?"

"ನಾನೂ ನನ್ನ ಹೆಂಡತಿನೂ ಬರ್ತೀವಿ."

"ಹಾಡು ಬರುತ್ತಾ?"

"ಕಲೀತೀನಿ."

"ನಾಲ್ಕು ಚರಣ. ಪೂರ್ತಿ."

ಎರಡಕ್ಕೆ ಇಳಿಸಿ ಅನ್ನೋದು ನಾಲಿಗೆಯ ತುದಿವರೆಗೆ ಬಂತು. "ಆಯ್ತು" ಅಂದೆ.

ಕೋಟನ್ನು ಗೋಡೆಯಿಂದ ಇಳಿಸಿ, ಹೊರಗೆ ಒಯ್ದು, ಬಿಸಿಲಿಗೆ ಹಾಕಿದೆ.