ಗೋಲ್‌ಕೀಪರನ ಚೀಲ
ಟೂಟಿಂಗ್‌ನ ಡಾಕ್ಟರ್ ವೈದೇಹಿಯವರ ಮಹಡಿಯ ಕೋಣೆಯಲ್ಲಿ ಬಾಡಿಗೆಗಿರುವ ಮಿರೋ ಸ್ಲೊವಾಕಿಯಾದವನು, ಐಸ್ ಹಾಕಿಯ ಗೋಲ್‌ಕೀಪರ್, ಮುಂದಿನ ಎರಡು ಹಲ್ಲುಗಳನ್ನು ಆಟಕ್ಕೇ ಅರ್ಪಿಸಿದವನು. ಮನೆಯೊಳಗೆ ಅವನಿಗಿಂತ ಮೊದಲು ಬರುವುದು ಅವನ ಚೀಲ. ಅದರಲ್ಲಿ ಒಂದು ಸಂಸಾರವೇ ಮಲಗಬಹುದು, ಆದರೆ ಅವನ ಪ್ಯಾಡು, ಹೆಲ್ಮೆಟ್ಟು ತುಂಬಿದ ಮೇಲೆ ಬೆರಳಿಡಲೂ ಜಾಗವಿರುವುದಿಲ್ಲ. ಅದರ ಬೆವರಿನ ವಾಸನೆಗೆ ವೈದೇಹಿಯವರ ಇಂಗಿನ ಒಗ್ಗರಣೆಯೂ ಶರಣಾಗಿದೆ. "ಆಚೆ ಇಡಪ್ಪಾ ಅದನ್ನ!" ಎಂದು ಅವರು ಕನ್ನಡದಲ್ಲೇ ಗದರಿದರೂ ಅವನಿಗೆ ಅರ್ಥವಾಗುತ್ತದೆ. ದೋಸೆಗೆ ಕೂತನೆಂದರೆ ಹಿಟ್ಟಿನ ಪಾತ್ರೆಯ ತಳ ಕಾಣುವವರೆಗೆ ಏಳುವವನಲ್ಲ. ರುಬ್ಬಿ ರುಬ್ಬಿ ಅವರ ಮಿಕ್ಸಿಗೆ ಏದುಸಿರು ಬಂದಿದೆ. ದಿಂಬು ಅವರದು, ತಟ್ಟೆ ಅವರದು, ಕೊಡೆಯೂ ಅವರದೇ. "ಚೀಲದಲ್ಲಿ ಹಿಡಿಯದ್ದನ್ನ ನಾನು ಕೊಳ್ಳಲ್ಲ ಆಂಟಿ" ಎಂಬುದು ಅವನ ಶಾಸನ. ಪ್ರಾಗ್, ರಿಗಾ, ಓಸ್ಲೋ, ಎಲ್ಲೇ ಆಡಿರಲಿ, ವಸಂತದಲ್ಲಿ ಕ್ಲಬ್ಬಿನ ಕರಾರು ಮುಗಿದೊಡನೆ ಇದೇ ಚೀಲವನ್ನು ಹೆಗಲಿಗೇರಿಸಿ ಮುಂದಿನ ದೇಶಕ್ಕೆ ನಡೆದವನು. "ಇಲ್ಲೂ ಕರಾರು ಮುಗಿದ್ರೆ ಏನಪ್ಪಾ ಮಾಡ್ತೀಯ?" ಎಂದು ವೈದೇಹಿಯವರು ಕಳವಳಪಟ್ಟರೆ, ಹಲ್ಲಿಲ್ಲದ ಜಾಗ ತೋರಿಸಿ ನಗುತ್ತಾನೆ: "ನನ್ನಂಥ ಗೋಲ್‌ಕೀಪರು ಎಲ್ಲಾ ಊರಿಗೂ ಬೇಕು ಆಂಟಿ." ಈ ಏಪ್ರಿಲ್‌ನಲ್ಲಿ ಕರಾರು ನಿಜಕ್ಕೂ ಮುಗಿಯಿತು. ಅವನ ಜಾಗಕ್ಕೆ ಎಳೆಯನೊಬ್ಬ ಬಂದ. ಓಸ್ಲೋದಿಂದ ಮತ್ತೆ ಕರೆಯೂ ಬಂತು. ಮಿರೋ ಹೊರಟೇಬಿಡುತ್ತಾನೆ ಎಂದುಕೊಂಡು ವೈದೇಹಿಯವರು ದಾರಿಗೆಂದು ಚಕ್ಕುಲಿ ಕರಿಯುತ್ತಿದ್ದಾಗ ಬಾಗಿಲ ಗಂಟೆ ಸದ್ದು ಮಾಡಿತು. ತೆರೆದು ನೋಡಿದರೆ ಚೀಲವಿಲ್ಲದ ಮಿರೋ, ಅಪ್ಪಿಕೊಂಡ ಕೈಗಳಲ್ಲಿ ಹೊಚ್ಚಹೊಸ ಕಲ್ಲಿನ ಗ್ರೈಂಡರ್. "ಅಯ್ಯೋ, ಇಷ್ಟು ದೊಡ್ಡದು ನಿನ್ನ ಚೀಲದಲ್ಲಿ ಹಿಡಿಯುತ್ತೇನೋ?" ಎಂದರು. "ಹಿಡಿಯಲ್ಲ ಆಂಟಿ," ಎಂದ ಮಿರೋ, "ಅಳತೆ ನೋಡೇ ತಂದಿದೀನಿ."