ಹೋತೆ ಎಂಬ ಪದ

ಕಪಾಟು ಒರೆಸುವಾಗ ಸೀರೆಗಳ ಅಡಿಯಿಂದ ದಪ್ಪ ಪುಸ್ತಕವೊಂದು ಕೈಗೆ ಸಿಕ್ಕಿತು. ನುಸಿಗುಳಿಗೆಯ ವಾಸನೆಯ ಕೆಳಗೆ ಇನ್ನೂ ಸ್ವಲ್ಪ ಒಣಮೀನಿನ ವಾಸನೆ. ಮೂಗು ಮುಚ್ಚಿಕೊಳ್ಳಬೇಡಿ. ತೆಂಗಿನಗುಂಡಿಯ ನಮ್ಮ ಮನೆಯಲ್ಲಿ ದೇವರ ಕೋಣೆ ಬಿಟ್ಟರೆ ಎಲ್ಲಕ್ಕೂ ಆ ವಾಸನೆ ಇದ್ದದ್ದೇ.

ಸ್ಕಾಟ್‌ಲೆಂಡ್, ಇಂಗ್ಲೆಂಡಿನ ಹಳೆಯ ಲಾವಣಿಗಳ ಸಂಗ್ರಹ ಅದು. ಕುಮಟೆಯಲ್ಲಿ ರದ್ದಿ ಅಂಗಡಿ ಇಟ್ಟಿದ್ದ ನನ್ನ ಅಣ್ಣ, ತಂಗಿ ಹೊನ್ನಾವರದಲ್ಲಿ ಬಿ.ಎ. ಓದಿದವಳೆಂಬ ಹೆಮ್ಮೆಗೆ ತಕ್ಕಡಿಗೆ ಹಾಕದೆ ಎತ್ತಿಟ್ಟು ಕೊಟ್ಟಿದ್ದ. ನನ್ನ ಇಂಗ್ಲಿಷೋ, ಔಷಧಿ ಬಾಟಲಿಯ ಮೇಲಿನದ್ದು ಓದಿ ಅರ್ಧ ಅರ್ಥ ಮಾಡಿಕೊಳ್ಳುವಷ್ಟು. ಆದರೆ ದೇವರು ದೊಡ್ಡವನು. ಲಾವಣಿಯಲ್ಲಿ ಹೇಳಿದ್ದನ್ನೇ ಮತ್ತೆ ಮತ್ತೆ ಹೇಳುತ್ತಾರೆ, ಮೊದಲ ಸಲ ತಿಳಿಯದ್ದು ಮೂರನೆಯ ಸಲಕ್ಕಾದರೂ ತಿಳಿಯುತ್ತದೆ.

ತೊಂಬತ್ತರ ದಶಕದ ಕೊನೆಯ ವರ್ಷಗಳು. ಮಧ್ಯಾಹ್ನ ಅತ್ತೆ ಹರಿದ ಬಲೆ ಸರಿಮಾಡುತ್ತ ಜಗಲಿಯಲ್ಲಿ ಕೂತರೆ ನಾನು ಓದಿ ಕನ್ನಡದಲ್ಲಿ ಹೇಳುತ್ತಿದ್ದೆ. ಹಾಡಿಗೆ ನಮ್ಮ ಕಡೆ ಪದ ಎನ್ನುತ್ತಾರಲ್ಲ, ಅತ್ತೆ ಅವಕ್ಕೆ ದೊರೆಗಳ ಪದ ಎಂದು ಹೆಸರಿಟ್ಟಿದ್ದರು. ರಾಜಕುಮಾರಿಯರನ್ನು ಕಂಡರೆ ಅವರಿಗೆ ಆಗುತ್ತಿರಲಿಲ್ಲ. "ಆ ಹುಡುಗಿಗೆ ಮನೇಲಿ ಎಂತ ಕೆಲ್ಸ ಇಲ್ವಾ ತಂಗಿ, ಯಾವಾಗ ಕಂಡ್ರೂ ಕಿಟಕೀಲೇ ನಿಂತಿರ್ತದೆ" ಎಂದಿದ್ದರು ಒಮ್ಮೆ. ಸೊಸೆಗೂ ಅವರು ತಂಗಿ ಎನ್ನುವುದೇ. ಸಮುದ್ರದ ಪದ ಬಂದರೆ ಮಾತ್ರ ಸುಮ್ಮನೆ ಕೇಳುತ್ತಿದ್ದರು.

ಆ ವರ್ಷ ಮಳೆಯ ಜೋರು ಇಳಿಯುತ್ತಲೇ ಮೈದುನ ಮಂಜು ರತ್ನಾಗಿರಿ ಕಡೆಯ ದೊಡ್ಡ ಬೋಟಿಗೆ ಕೆಲಸಕ್ಕೆ ಹೊರಟ. ಅತ್ತೆ ಬೇಡವೆಂದರು, ನಮ್ಮದೇ ದೋಣಿ ಇಲ್ಲವೇ ಎಂದರು. ಮಾತಿಗೆ ಮಾತು ಬೆಳೆಯಿತು. ಅವನು ಸಿಟ್ಟಿನಲ್ಲಿ ಚೀಲ ಹೆಗಲಿಗೇರಿಸಿ, "ಹೋತೆ" ಎಂದು ಮೆಟ್ಟಿಲಿಳಿದ. ನಮ್ಮಲ್ಲಿ ಹೊರಡುವವರು ಹೋಗುತ್ತೇನೆ ಎನ್ನುವುದಿಲ್ಲ, ಬತ್ತೆ ಎನ್ನಬೇಕು, ಬರುತ್ತೇನೆ ಎಂದು. ಸಮುದ್ರದ ಮಾತು ಹಾಗಿರಲಿ, ಭಟ್ಕಳ ಪೇಟೆಗೆ ಸೊಪ್ಪು ತರಲು ಹೊರಟವರೂ ಹಾಗೆಯೇ ಹೇಳುವುದು. ಮಾತು ತಿದ್ದಿಸಲೆಂದು ಅತ್ತೆ ರಸ್ತೆಯವರೆಗೆ ಓಡಿದರು. ಅಷ್ಟರಲ್ಲಿ ಟೆಂಪೊ ಹೊರಟಾಗಿತ್ತು.

ಆಮೇಲೆ ಸುದ್ದಿಯಿಲ್ಲ. ನಡುವೆ ಒಮ್ಮೆ ಸಮುದ್ರ ಕೆಟ್ಟಿತು, ಬಂದರಿನ ಬೋಟುಗಳೆಲ್ಲ ಒಳಗೇ ನಿಂತವು. ಅತ್ತೆ ಗಂಜಿಯನ್ನು ಅರ್ಧಕ್ಕೇ ಬಿಟ್ಟೇಳುತ್ತಿದ್ದರು. ಅವರ ಮನಸ್ಸು ಬೇರೆಡೆ ತಿರುಗಲೆಂದು ಪುಸ್ತಕ ತೆಗೆದ ನಾನು, ಬುದ್ಧಿವಂತೆ ನೋಡಿ, ತೆಗೆದದ್ದು ಮೀನಿಗೆ ಹೋದ ಮಗನೊಬ್ಬನ ಪದ. ಹೋಗುತ್ತೇನಮ್ಮ ಎಂದು ಹೊರಡುತ್ತಾನೆ, ದೋಣಿ ಮುಳುಗುತ್ತದೆ.

ಅತ್ತೆಯ ಕೈ ನಿಂತಿತು. "ಹೋತೆ ಅಂದ್ನಾ ಅವ?"

ಪುಸ್ತಕದಲ್ಲಿ ಹಾಗೆಯೇ ಇದೆ, ಆ ದೇಶದಲ್ಲಿ ಎಲ್ಲರೂ ಹೇಳುವುದು ಹಾಗೆಯೇ ಎಂದೆ.

"ಹಂಗಾರೆ ಮುಳುಗದೆ ಎಂತ ಆಗ್ತದೆ" ಎಂದರು. ಬಲೆಯ ಗಂಟೊಂದನ್ನು ಬಿಗಿದು ಕೇಳಿದರು: "ಹಂಗೆ ಹೇಳಿ ಹೋದವ ಒಬ್ಬನಾದ್ರೂ ತಿರುಗಿ ಬಂದದ್ದು ಇಲ್ವಾ ಅದ್ರಲ್ಲಿ?"

ಇಂಥ ಹಳೆಯ ಸಂಗ್ರಹಗಳಲ್ಲಿ ಒಂದು ಅನುಕೂಲ ಉಂಟು. ಒಂದೇ ಪದವನ್ನು ಬೇರೆ ಬೇರೆ ಊರಿನವರು ಹೇಳಿದ ಹಾಗೆಯೇ ಬರೆದುಕೊಂಡು ಬಂದು ಒಂದರ ಕೆಳಗೊಂದು ಅಚ್ಚು ಹಾಕಿರುತ್ತಾರೆ. ಆಸೆಯಿಂದ ಎಲ್ಲವನ್ನೂ ಓದಿದೆ. ಒಂದರಲ್ಲಿ ಹಾಯಿ ಕೆಂಪು, ಒಂದರಲ್ಲಿ ಬಿಳಿ. ಒಂದರಲ್ಲಿ ಬಾಗಿಲಲ್ಲಿ ತಾಯಿ, ಇನ್ನೊಂದರಲ್ಲಿ ಅಕ್ಕ. ಮುಳುಗುವುದು ಮಾತ್ರ ಎಲ್ಲದರಲ್ಲೂ ಇತ್ತು. ಬಂದನೆಂದು ಸುಳ್ಳು ಹೇಳಬಹುದಿತ್ತು. ಅಂದು ಸೋಮವಾರ, ಉಪವಾಸ, ನಾಲಿಗೆ ಏಳಲಿಲ್ಲ. ಪದ ಹೇಳಿದವಳು ಒಬ್ಬ ಮುದುಕಿಯೆಂದು ಕೆಳಗೆ ಇದ್ದದ್ದನ್ನಷ್ಟೇ ಓದಿ ಹೇಳಿದೆ.

ಅತ್ತೆ ಯೋಚಿಸಿ ಹೇಳಿದರು: "ಬರ್ಕಂಡವನಿಗೆ ಬಸ್ಸಿಗೆ ಹೊತ್ತಾಗಿರ್ಬೇಕು. ಆ ಮುದುಕಿಗೆ ಹೇಳಿ ಮುಗ್ಸೂಕೆ ಬಿಡ್ಲಿಲ್ಲ."

ನನಗೆ ನಗು ಬಂತು. ಅವರು ನಗಲಿಲ್ಲ.

ದಸರೆಗೆ ಮುಂಚೆ ಒಂದು ಸಂಜೆ ಪಕ್ಕದ ಮನೆಯ ಬೀಬಿ ಕಾಂಪೌಂಡಿನಾಚೆಯಿಂದ ಕೂಗಿದರು. ಅವರ ಗಂಡ ದುಬೈಯಲ್ಲಿದ್ದುದರಿಂದ ನಮ್ಮ ಓಣಿಗೆ ಅವರದೊಂದೇ ಫೋನು. ಓಡಿಹೋದೆವು, ಫೋನಿನ ಆ ಕಡೆ ಮಂಜು ಇದ್ದ. ಅತ್ತೆ ಉಂಡೆಯಾ ಎಂದು ಕೇಳಲಿಲ್ಲ, ಎಲ್ಲಿದ್ದೀ ಎಂದೂ ಕೇಳಲಿಲ್ಲ.

"ಫೋನ್ ಇಡೂಕೆ ಮುಂಚೆ ಒಂದು ಮಾತು ಹೇಳು."

ಎಂತ ಮಾತು ಎಂದು ಅವನು ಕೇಳಿದ್ದು ನಮಗೂ ಕೇಳಿಸಿತು. ಅತ್ತೆ ರಿಸೀವರನ್ನು ಎರಡೂ ಕೈಯಲ್ಲಿ ಹಿಡಿದು ಕಾದರು. ಬೀಬಿ ಟಿ.ವಿ. ಆರಿಸಿದರು. ಆಗ ಅವನ ದನಿ ಬಂತು, ಅತ್ತುಕೊಂಡೋ ಏನೋ: "ಬತ್ತೆ ಅಮ್ಮ."

"ಆತು" ಎಂದು ಅತ್ತೆ ಫೋನಿಟ್ಟರು. ಆ ರಾತ್ರಿ ಗಂಜಿ ಪೂರ್ತಿ ಉಂಡರು.

ದೀಪಾವಳಿಗೆ ಮಂಜು ಬಂದ. ಸೊರಗಿದ್ದ, ಬೆರಳಿಗೆ ಬಟ್ಟೆ ಸುತ್ತಿಕೊಂಡಿದ್ದ, ಆದರೂ ಬಂದ. ದೇವರು ಕೊಟ್ಟದ್ದನ್ನು ನೆನೆಯುವಾಗ ನಾನು ಮೊದಲು ನೆನೆಯುವುದು ಅದನ್ನೇ.

ಅತ್ತೆ ಈಗಿಲ್ಲ. ಇವತ್ತು ಕಪಾಟಿನ ಮುಂದೆ ನೆಲದಲ್ಲೇ ಕೂತು ಆ ಪದವನ್ನು ಮತ್ತೆ ಓದಿದೆ. ಕೆಳಗೆ ಸಣ್ಣಕ್ಷರದಲ್ಲಿ, ಹೇಳಿದವರು ಇಂಥ ಊರಿನ ಒಬ್ಬ ಮುದುಕಿ ಎಂದಷ್ಟೇ ಇದೆ, ಹೆಸರಿಲ್ಲ. ಇಷ್ಟು ವರ್ಷ ಅದನ್ನು ಕತೆ ಎಂದೇ ಓದುತ್ತಿದ್ದೆ; ಅವಳ ಮನೆಯಲ್ಲೇ ನಡೆದದ್ದೂ ಇದ್ದೀತು. ನಮ್ಮ ಓಣಿಗೆ ಫೋನು ಬಂತು. ಬಾರದೆ ಹೋದ ಮನೆಯವರು ಏನು ಮಾಡುತ್ತಾರೆ ಎಂದು ನಾನು ಯೋಚಿಸಿಯೇ ಇರಲಿಲ್ಲ. ಸಂಜೆ ದೇವರ ಮುಂದೆ ನಮ್ಮವರ ಹೆಸರುಗಳನ್ನೆಲ್ಲ ಹೇಳಿ ಮುಗಿಸಿ, ಕೊನೆಗೆ ಆ ಮುದುಕಿಯನ್ನೂ ಸೇರಿಸಿದೆ. ಮಗ ಸಮುದ್ರಕ್ಕೆ ಹೋದವಳು ಎಂದೆ. ದೇವರಿಗೆ ಅಷ್ಟು ಗುರುತು ಸಾಕಾದೀತು.